ಶನಿವಾರದ ಜ್ವರ

ಸುಳ್ಳು ಹೇಳಿದವಳು ನನ್ನ ಹೆಂಡತಿ. ನಾನು ಒಂದು ಸುಳ್ಳನ್ನೂ ಹೇಳಲಿಲ್ಲ. ಹೇಳಲು ನನ್ನ ಬಾಯಿ ಖಾಲಿ ಇದ್ದರೆ ತಾನೆ? ಸೊಸೆ ಬೀದಿಯ ತಿರುವಿನಲ್ಲಿ ಕಾಣಿಸಿದ ಕೂಡಲೇ ನಾನು ಸೂಜಿದಿಂಬಿನಿಂದ ಗುಂಡುಸೂಜಿಗಳನ್ನು ಕಿತ್ತು ತುಟಿಗಳ ನಡುವೆ ಸಾಲಾಗಿ ಕಚ್ಚಿಕೊಳ್ಳುತ್ತಿದ್ದೆ. ಟೈಲರ್ ಬಾಯಲ್ಲಿ ಸೂಜಿ ಇದ್ದಾಗ ಯಾರೂ ಅವನಿಂದ ಉತ್ತರ ಬಯಸುವುದಿಲ್ಲ. ಸುಳ್ಳು ಹೇಳುವ ಹಾಗಿಲ್ಲ, ನಿಜ ಹೇಳುವ ಹಾಗೂ ಇಲ್ಲ. ಅಂಥ ಜಾಣ ನಾನು.

ನಮ್ಮ ಮನೆಯ ಮುಂದಿನ ಕೋಣೆಯೇ ಅಂಗಡಿ. ಕಾಲಲ್ಲಿ ತುಳಿಯುವ ಹಳೆಯ ಮಿಷನ್, ಬಟ್ಟೆ ಕತ್ತರಿಸುವ ಮೇಜು, ಒಂದು ನಿಲುವುಗನ್ನಡಿ, ಗಿರಾಕಿಗಳಿಗೆ ಕೂರಲು ಬಾಗಿಲ ಪಕ್ಕ ಒಂದು ಬೆಂಚು. ಹಿಂದೆ ದಪ್ಪ ಪರದೆ. ಪರದೆಯ ಈಚೆ ನನ್ನ ರಾಜ್ಯ, ಆಚೆ ಅವಳದು. ಕೋರ್ಟು ಹತ್ತಿರವೇ ಇರುವುದರಿಂದ ನಾನು ಹೆಚ್ಚಾಗಿ ಹೊಲಿಯುವುದು ವಕೀಲರ ಕರಿಕೋಟು. ಯಾರ ಭುಜ ಯಾವ ಕಡೆ ಇಳಿದಿದೆ, ಯಾರ ಹೊಟ್ಟೆ ಯಾವ ವರ್ಷ ಮುಂದೆ ಬಂತು ಎಂಬುದೆಲ್ಲ ನನಗೆ ಬಾಯಿಪಾಠ. ಆ ಕೋಟುಗಳ ಎದುರಿಗೆ ಒಂದು ದಿನ ನಾನೇ ಕೈಕಟ್ಟಿ ನಿಲ್ಲುತ್ತೇನೆಂದು ಯಾರಾದರೂ ಹೇಳಿದ್ದರೆ, ನಿನಗೆ ತಲೆ ಕೆಟ್ಟಿದೆಯೇನಯ್ಯಾ ಎನ್ನುತ್ತಿದ್ದೆ.

ಆರು ವರ್ಷದ ಮೊಮ್ಮಗಳು ನಮ್ಮ ಜೊತೆ ಇದ್ದಳು. ಒಂದು ಕಡೆ ನಿಂತವಳಲ್ಲ, ದಿನವಿಡೀ ಗಿರಗಿರ ಸುತ್ತುತ್ತಲೇ ಇರುವುದು. ಅದಕ್ಕೇ ಮಿಷನ್ನಿನೊಳಗೆ ಸುತ್ತುವ ದಾರದ ಉರುಳೆಯ ಹೆಸರಿಟ್ಟು ಅವಳನ್ನು ಬಾಬಿನ್ ಎಂದು ಕರೆದೆ. ಬೀದಿಯವರೆಲ್ಲ ಹಾಗೆಯೇ ಕರೆದರು. ಅವಳಪ್ಪ, ನಮ್ಮ ಒಬ್ಬನೇ ಮಗ, ಒಂದು ಬೆಳಿಗ್ಗೆ ಬೈಕು ಹತ್ತಿ ಕೆಲಸಕ್ಕೆ ಹೋದವನು ಜೀವಂತ ವಾಪಸು ಬರಲಿಲ್ಲ. ಆಗ ಬಾಬಿನ್ ಇನ್ನೂ ಗೋಡೆ ಹಿಡಿದು ನಡೆಯುತ್ತಿದ್ದಳು. ಸೊಸೆ ಕನ್ನಡಕದ ಅಂಗಡಿಯಲ್ಲಿ ಕೆಲಸಕ್ಕೆ ಸೇರಿದಳು. ಬೆಳಿಗ್ಗೆ ಹೋಗಿ ಕತ್ತಲಾದ ಮೇಲೆ ಬರುತ್ತಿದ್ದಳು. ಮಗುವಿಗೆ ಊಟ, ಸ್ನಾನ, ನಿದ್ದೆ ಎಲ್ಲವೂ ಅಜ್ಜಿಯ ಕೈಯಲ್ಲೇ ಆಯಿತು.

ಕೆಲವು ವರ್ಷ ಕಳೆದ ಮೇಲೆ ಸೊಸೆ ಇನ್ನೊಂದು ಮದುವೆಯ ಮಾತು ಎತ್ತಿದಾಗ ನಾನು, "ಮಾಡ್ಕೊಳ್ಳಮ್ಮ, ನಿನ್ನ ವಯಸ್ಸೇನು ಮಹಾ" ಎಂದೆ. ನನ್ನ ಹೆಂಡತಿಯೂ ಬೇಡವೆನ್ನಲಿಲ್ಲ. ಅವಳೇ ನಿಂತು ಸೊಸೆಗೆ ಹೊಸ ಬಟ್ಟೆ ಆರಿಸಿದಳು, ನಾನು ಹೊಲಿದುಕೊಟ್ಟೆ. ನಮ್ಮಂಥ ಅತ್ತೆ ಮಾವ ಯಾರಿಗುಂಟು ಎಂದು ಬೀದಿಯೆಲ್ಲ ಹೊಗಳಿತು. ಆದರೆ ಸೊಸೆ, "ಮಗೂನ ನನ್ನ ಜೊತೆ ಕರ್ಕೊಂಡು ಹೋಗ್ತೀನಿ ಅತ್ತೆ" ಎಂದ ದಿನ ಹೊಗಳಿಕೆಯ ಬಣ್ಣವೆಲ್ಲ ಒಂದೇ ಒಗೆತಕ್ಕೆ ಬಿಟ್ಟುಹೋಯಿತು.

"ಹೆತ್ತ ಮಗನನ್ನ ಕಳ್ಕೊಂಡಿದ್ದೀನಿ. ಇದನ್ನೂ ಕಳ್ಕೋ ಅಂತೀಯಾ?" ಎಂದಳು ನನ್ನವಳು. ಅಲ್ಲಿಂದ ಮುಂದೆ ಮಾತು ಮಾತಾಗಿ ಉಳಿಯಲಿಲ್ಲ, ಕೋರ್ಟು ಮೆಟ್ಟಿಲು ಹತ್ತಿತು.

ಕೋರ್ಟು ಕೊಟ್ಟ ಆದೇಶ ಬಹಳ ಸರಳ. ಕೇಸು ಮುಗಿಯುವವರೆಗೆ ಮಗು ನಮ್ಮಲ್ಲೇ ಇರಲಿ. ಪ್ರತಿ ಶನಿವಾರ ಬೆಳಿಗ್ಗೆ ತಾಯಿ ಬಂದು ಕರೆದುಕೊಂಡು ಹೋಗಲಿ, ಸಂಜೆಗೆ ತಂದು ಬಿಡಲಿ. ಇದರಲ್ಲಿ ಅರ್ಥವಾಗದ್ದು ಏನಿದೆ? ಅಂಗಿಯ ಅಳತೆ ಇದಕ್ಕಿಂತ ಕಷ್ಟ.

ಮೊದಲ ಶನಿವಾರ ಬಾಬಿನ್ ಹೋದಳು, ಸಂಜೆ ಬಂದಳು. ಬಂದವಳು ಸುಮ್ಮನಿರಬಾರದೇ? "ಅಜ್ಜಿ, ಅಮ್ಮನ ಮನೆ ಕಿಟಕಿಯಿಂದ ರೈಲು ಕಾಣ್ಸುತ್ತೆ. ರಾತ್ರಿ ದೀಪ ಹಾಕ್ಕೊಂಡು ಹೋಗುತ್ತಂತೆ. ಮುಂದಿನ ಸಲ ಅಲ್ಲೇ ಮಲಗ್ತೀನಿ" ಎಂದಳು. ಹೆಂಡತಿಯ ಮುಖ ನೋಡಿದೆ. ಇಸ್ತ್ರಿಯ ಕೆಳಗೆ ಸಿಕ್ಕಿದ ಪ್ಲಾಸ್ಟಿಕ್ ಗುಂಡಿಯ ಹಾಗೆ ಮುರುಟಿಹೋಗಿತ್ತು.

ಮುಂದಿನ ಶನಿವಾರ ಬಾಬಿನ್‌ಗೆ ಜ್ವರ ಬಂತು.

ಜ್ವರ ಎಂದರೆ ಹೀಗೆ: ಬೆಳಿಗ್ಗೆ ತಿಂಡಿ ತಿಂದು ಕುಣಿಯುತ್ತಿದ್ದ ಮಗುವನ್ನು ಅಜ್ಜಿ ಹಾಸಿಗೆಯಲ್ಲಿ ಮಲಗಿಸಿ, ಹಣೆಗೆ ಒದ್ದೆ ಬಟ್ಟೆ ಹಾಕಿ, "ಅಮ್ಮ ಹೋಗೋವರೆಗೂ ಅಲ್ಲಾಡಬಾರದು. ಇದು ಜ್ವರದ ಆಟ" ಎಂದಳು. ಮಗುವಿಗೆ ಅದೂ ಒಂದು ಆಟವೇ. ಸೊಸೆ ಬಂದಾಗ ಪರದೆಯ ಸಂದಿಯಿಂದ ನನ್ನವಳು ಮುಖವಷ್ಟೇ ಹೊರಗೆ ಹಾಕಿ, "ಮಗುಗೆ ಜ್ವರ. ಮಲಗಿದೆ" ಎಂದಳು.

ಸೊಸೆ ಗಾಬರಿಯಾದಳು. "ಒಳಗೆ ಬಂದು ನೋಡ್ಲಾ ಅತ್ತೆ?"

"ಈಗಷ್ಟೇ ಕಣ್ಣು ಮುಚ್ಚಿದೆ. ಎಬ್ಬಿಸಬೇಡ."

ಸೊಸೆ ನನ್ನ ಕಡೆ ತಿರುಗಿ, "ಮಾವ, ಜ್ವರ ಜಾಸ್ತಿನಾ?" ಎಂದಳು. ನನ್ನ ಬಾಯಿ ತುಂಬ ಸೂಜಿ. ಹೌದೂ ಅಲ್ಲದ, ಇಲ್ಲವೂ ಅಲ್ಲದ ಹಾಗೆ ತಲೆ ಅಲ್ಲಾಡಿಸಿದೆ. ಅವಳು ಗಿರಾಕಿಗಳ ಬೆಂಚಿನ ಮೇಲೆ ಕುಳಿತಳು. ತೊಡೆಯ ಮೇಲೆ ಕಿತ್ತಳೆ ಹಣ್ಣಿನ ಚೀಲ. ಮಗು ಎಚ್ಚರವಾದರೆ ಕೂಗಾದರೂ ಕೇಳಿಸೀತು ಎಂದು ಕಿವಿಗೊಟ್ಟು ಬಹಳ ಹೊತ್ತು ಕುಳಿತೇ ಇದ್ದಳು. ಒಳಗೆ ಬಾಬಿನ್ ಕಿಸಕ್ಕೆಂದಳು. ನಾನು ಮಿಷನ್ ಜೋರಾಗಿ ತುಳಿದೆ. ಹೊಲಿಯಲು ಬಟ್ಟೆಯೇ ಇರಲಿಲ್ಲ, ಬರೀ ಸೂಜಿ ಮೇಲೆ ಕೆಳಗೆ ಓಡುತ್ತಿತ್ತು. ಬೆಕ್ಕು ಕಣ್ಣು ಮುಚ್ಚಿ ಹಾಲು ಕುಡಿಯುತ್ತದೆ ಎನ್ನುತ್ತಾರೆ, ನಾನು ಕಣ್ಣು ಬಿಟ್ಟುಕೊಂಡೇ ಕುಡಿದೆ.

ಅವಳು ಹೋಗುವಾಗ ಹಣ್ಣಿನ ಚೀಲ ಬೆಂಚಿನ ಮೇಲೆ ಬಿಟ್ಟುಹೋದಳು. "ಬಾಯಿ ಕಹಿ ಇರುತ್ತೆ, ಎದ್ದಾಗ ಕೊಡಿ ಮಾವ" ಎಂದಳು. ಆ ಹಣ್ಣನ್ನು ಬಾಬಿನ್ ತಿಂದಳು, ಅಜ್ಜಿ ತಿಂದಳು. ಬಾಬಿನ್ ಒಂದು ತೊಳೆ ತಂದು ನನ್ನ ಬಾಯಿಗಿಟ್ಟಳು. ನಾನೂ ತಿಂದೆ. ಸಿಹಿಯಾಗಿತ್ತು ಎಂದು ಹೇಳಲು ಈಗಲೂ ನಾಚಿಕೆಯಾಗುತ್ತದೆ.

ಆಮೇಲೆ ಪ್ರತಿ ಶನಿವಾರವೂ ಅದೇ ಕಥೆ. ಒಮ್ಮೆ ಜ್ವರ, ಒಮ್ಮೆ ಜ್ವರದ ಜೊತೆ ಕೆಮ್ಮು, ಒಮ್ಮೆ ಬರೀ "ಮೈ ಬೆಚ್ಚಗಿದೆ". ಒಂದು ರಾತ್ರಿ ಊಟದ ಹೊತ್ತಿಗೆ ನಾನು, "ಏನೇ, ಇದು ಎಲ್ಲಿಗೆ ಹೋಗಿ ಮುಟ್ಟುತ್ತೆ?" ಎಂದು ಕೇಳಿದ್ದುಂಟು. "ನಿಮಗೆ ಅಷ್ಟು ಸತ್ಯ ಉಕ್ಕಿ ಬಂದಿದ್ರೆ ನೀವೇ ಹೋಗಿ ಹೇಳಿ" ಎಂದಳು. ನಾನು ಅನ್ನ ಕಲಸಿಕೊಂಡೆ. ಗಂಡಸಿನ ಶೌರ್ಯ ಅಷ್ಟಕ್ಕೇ ಮುಗಿಯಿತು.

ಕೊನೆಗೆ ಸೊಸೆಯ ಬದಲು ಕೋರ್ಟಿನ ನೋಟಿಸು ಬಂತು. ನ್ಯಾಯಾಂಗ ನಿಂದನೆ. ಇಬ್ಬರ ಹೆಸರೂ ಇತ್ತು, ನನ್ನದೇ ಮೊದಲು.

"ನಿಂದನೆ ಅಂದ್ರೆ ಬೈಯೋದು ತಾನೆ?" ನನ್ನವಳು ಕಣ್ಣರಳಿಸಿದಳು. "ನಾವು ಯಾವ ಜಡ್ಜಿಗೆ ಬೈದ್ವಿ? ಯಾರಿಗಾದ್ರೂ ಹೋಗೋ ಬಾರೋ ಅಂದಿದ್ದೀವಾ? ಇದು ಬೇರೆ ಯಾರದೋ ಇರಬೇಕು, ತಪ್ಪಿ ನಮ್ಮ ಮನೆಗೆ ಬಂದಿದೆ."

ಅವಳು ನಟಿಸುತ್ತಿರಲಿಲ್ಲ. ನಿಜವಾಗಿಯೂ ಹಾಗೆಯೇ ತಿಳಿದಿದ್ದಳು. ನನಗೂ ಒಳಗೊಳಗೆ ಅದೇ ಆಸೆ. ಎದುರು ಬೀದಿಯ ವಕೀಲರ ಬಳಿಗೆ ಓಡಿದೆ. ಅವರ ಎಡಭುಜ ಇಳಿದಿರುವುದನ್ನು ಪ್ಯಾಡು ಹಾಕಿ ಎತ್ತಿ ನಿಲ್ಲಿಸಿದವನು ನಾನು. ಈಗ ನನ್ನ ಮಾನವನ್ನು ಎತ್ತಿ ನಿಲ್ಲಿಸುವ ಸರದಿ ಅವರದು.

"ಮಾಸ್ಟ್ರೇ, ಬೈದ್ರೆ ಮಾತ್ರ ನಿಂದನೆ ಅಲ್ಲ" ಎಂದರು ವಕೀಲರು. "ಕೋರ್ಟು ಹೇಳಿದ್ದನ್ನ ಬೇಕಂತಲೇ ಮಾಡದೆ ಇದ್ರೂ ನಿಂದನೆನೇ. ಬೈದವರಾದ್ರೂ ಎದುರಿಗೆ ನಿಂತು ಬೈತಾರೆ. ಇದು ಬೆನ್ನ ಹಿಂದೆ ಬೈದ ಹಾಗೆ." ಆಮೇಲೆ ಕನ್ನಡಕ ತೆಗೆದು, "ನಿಜ ಹೇಳಿ, ಮಗುಗೆ ಜ್ವರ ಇತ್ತಾ?" ಎಂದರು.

"ಸ್ವಲ್ಪ ಮೈ ಬೆಚ್ಚಗಿತ್ತು ಸಾರ್."

"ಬದುಕಿರೋರ ಮೈ ಎಲ್ಲಾ ಬೆಚ್ಚಗೇ ಇರುತ್ತೆ ಮಾಸ್ಟ್ರೇ."

ನಾನು ನೆಲ ನೋಡಿದೆ. ಅವರಿಗೆ ಉತ್ತರ ಸಿಕ್ಕಿತು. "ಕೋರ್ಟಲ್ಲಿ ವಾದ ಗೀದ ಬೇಡ. ಬೇಷರತ್ ಕ್ಷಮೆ ಕೇಳಿ. ಬೇಷರತ್ ಅಂದ್ರೆ ಆದರೆ, ಗೀದರೆ ಏನೂ ಸೇರಿಸೋ ಹಾಗಿಲ್ಲ. ತಪ್ಪು ಮಾಡಿದ್ದೇವೆ, ಕ್ಷಮಿಸಿ. ಮುಗೀತು" ಎಂದರು. ದಾರಿಯುದ್ದಕ್ಕೂ ಬಾಯಲ್ಲಿ ಅದನ್ನೇ ಹೇಳಿಕೊಂಡು ಬಂದೆ. ಅಷ್ಟೇನೂ ಉದ್ದದ ಮಾತಲ್ಲ.

ಮಗುವನ್ನೂ ಕರೆತರಬೇಕೆಂದು ಕೋರ್ಟು ಹೇಳಿತ್ತು. ಒಂದು ಬುಧವಾರ ಮೂವರೂ ಹೋದೆವು. ಸೊಸೆ ಆಚೆ ಬದಿಯ ಬೆಂಚಿನಲ್ಲಿ ಒಬ್ಬಳೇ ಕುಳಿತಿದ್ದಳು. ಬಾಬಿನ್ ಅವಳತ್ತ ಕೈ ಬೀಸಿದಳು, ಆಮೇಲೆ ಅಜ್ಜಿಯ ಮುಖ ನೋಡಿ ಕೈ ಕೆಳಗಿಳಿಸಿದಳು. ಇಡೀ ಕೋಣೆ ನನ್ನ ಗಿರಾಕಿಗಳು. ನನ್ನ ಕೈಯ ಹೊಲಿಗೆ ಎಲ್ಲ ಬೆನ್ನುಗಳ ಮೇಲೂ ಕಾಣುತ್ತಿತ್ತು. ಒಬ್ಬರು, "ಏನ್ ಮಾಸ್ಟ್ರೇ, ಯಾರಿಗೆ ಅಳತೆ ತಗೊಳ್ಳೋಕೆ ಬಂದ್ರಿ?" ಎಂದರು. ನಕ್ಕುಬಿಟ್ಟೆ. ನಮ್ಮ ಹೆಸರು ಕೂಗಿದಾಗ ಅವರ ನಗು ನಿಂತದ್ದು ಬೆನ್ನಿಗೆ ಗೊತ್ತಾಯಿತು.

ನ್ಯಾಯಾಧೀಶರು ನಡುವಯಸ್ಸು ದಾಟಿದ ಹೆಂಗಸು. ದನಿ ಏರಿಸುವ ಪೈಕಿ ಅಲ್ಲ. ನಮ್ಮ ವಕೀಲರು ಏಳುವ ಮೊದಲೇ ಅವರು ಬಾಬಿನ್‌ಳನ್ನು ಹತ್ತಿರ ಕರೆಸಿ, ಮೇಜಿನ ಮೇಲಿಂದ ಬಗ್ಗಿ, "ಪುಟ್ಟಿ, ನಿನಗೆ ಮೈ ಹುಷಾರಿರಲಿಲ್ಲವಂತೆ. ಜ್ವರ ವಾಸಿ ಆಯ್ತಾ?" ಎಂದು ಕೇಳಿದರು.

ಬಾಬಿನ್ ಅವರನ್ನು ನೋಡಿದ ರೀತಿಯಲ್ಲಿ, ಇಷ್ಟು ದೊಡ್ಡವರಾಗಿ ಇಷ್ಟೂ ಗೊತ್ತಿಲ್ಲವೇ ಎನ್ನುವ ಮರುಕವಿತ್ತು.

"ಇವತ್ತು ಬುಧವಾರ ಅಲ್ವಾ? ನಂಗೆ ಜ್ವರ ಬರೋದು ಶನಿವಾರ ಮಾತ್ರ."

ಹಿಂದೆ ಯಾರೋ ನಕ್ಕರು. ಒಬ್ಬರು ನಕ್ಕರೆ ಕೋಣೆಯೆಲ್ಲ ನಗುತ್ತದೆ. ಸೊಸೆ ನಗಲಿಲ್ಲ. ಕೈಯಲ್ಲಿದ್ದ ಕರವಸ್ತ್ರವನ್ನು ಬಾಯಿಗೆ ಒತ್ತಿ ನನ್ನನ್ನೇ ನೋಡಿದಳು. ಅತ್ತೆಯನ್ನಲ್ಲ, ನನ್ನನ್ನು. ಅತ್ತೆ ಏನು ಮಾಡಿಯಾಳೆಂದು ಅವಳಿಗೆ ಗೊತ್ತಿತ್ತು. ನನ್ನ ಮೇಲೆ ಅವಳಿಗೆ ಇನ್ನೂ ಏನೋ ನಂಬಿಕೆ ಉಳಿದಿತ್ತು ಎಂಬುದು, ಅದು ಹೋಗುವುದನ್ನು ನೋಡಿದಾಗ ತಿಳಿಯಿತು. ಭೂಮಿ ಬಾಯಿಬಿಟ್ಟಿದ್ದರೆ ಅಲ್ಲೇ ಇಳಿದುಬಿಡುತ್ತಿದ್ದೆ.

ನ್ಯಾಯಾಧೀಶರು ಮಗುವಿಗೆ, "ಜಾಣೆ, ಹೋಗಿ ಕೂತ್ಕೋ" ಎಂದರು. ಆಮೇಲೆ ನನ್ನನ್ನು ನೋಡಿ, "ಏನಾದ್ರೂ ಹೇಳೋದಿದೆಯಾ?" ಎಂದರು.

ಎದ್ದು ನಿಂತೆ, ಕೈಮುಗಿದೆ. ದಾರಿಯುದ್ದಕ್ಕೂ ಬಾಯಿಪಾಠ ಮಾಡಿದ ಮಾತು ಗಂಟಲವರೆಗೆ ಬಂತು. ಹೊರಗೆ ಬಿದ್ದದ್ದು ಬೇರೆ. "ಏನಾದ್ರೂ ಹೆಚ್ಚುಕಮ್ಮಿ ಆಗಿದ್ರೆ ಕ್ಷಮಿಸ್ಬೇಕು ಮೇಡಂ."

ಇದು ನಾನು ದಿನಾ ಹೇಳುವ ಮಾತು. ಅಂಗಿ ಮಡಚಿ ಕೈಗೆ ಕೊಡುವಾಗ ಪ್ರತಿ ಗಿರಾಕಿಗೂ, ಹೆಚ್ಚುಕಮ್ಮಿ ಆಗಿದ್ರೆ ಹೇಳಿ, ಸರಿಮಾಡಿ ಕೊಡ್ತೀನಿ ಎನ್ನುತ್ತೇನೆ. ವಕೀಲರು ಹಣೆ ಚಚ್ಚಿಕೊಳ್ಳುವುದು ಕಣ್ಣಂಚಿನಲ್ಲಿ ಕಾಣಿಸಿತು.

"ಆಗಿದ್ರೆ ಅಂದ್ರೆ?" ಎಂದರು ನ್ಯಾಯಾಧೀಶರು. "ಆಗಿದೆಯೋ, ಇಲ್ವೋ?"

"ಆಗಿದೆ ಅಂತ... ನಿಮಗೆ ಅನಿಸಿದ್ರೆ ಮೇಡಂ."

ಮತ್ತೆ 'ರೆ'. ನಾನು ಹೊಲಿಯುವ ಕೋಟಿನ ಒಳಗೆ ಎರಡು ಬೆರಳು ಬಟ್ಟೆ ಮಡಚಿ ಬಿಟ್ಟಿರುತ್ತೇನೆ, ಮುಂದೆ ಮೈ ಬಂದರೆ ಬಿಚ್ಚಿಕೊಳ್ಳಲಿ ಎಂದು. ಕ್ಷಮೆಯ ಒಳಗೂ ಹಾಗೇ ಮಡಚಿಟ್ಟು ಹೊಲಿಯುತ್ತಿದ್ದೆ. ಅವರಿಗೆ ಅದು ಹೊರಗಿನಿಂದಲೇ ಕಂಡಿತು.

"ನಿಮ್ಮ ಕ್ಷಮೆ ಸದ್ಯಕ್ಕೆ ನಿಮ್ಮ ಹತ್ರಾನೇ ಇರಲಿ" ಎಂದರು ಅವರು. "ಶನಿವಾರ ಬರುತ್ತಲ್ಲ, ಅವತ್ತು ಮಗೂನ ತಾಯಿ ಕೈಗೆ ಕೊಡಿ. ಇನ್ನೊಂದು ಸಲ ಜ್ವರ ಅಂತ ಬಾಗಿಲಿಂದ ವಾಪಸ್ ಕಳಿಸಿದ್ರೆ ನಾನು ನಿಮ್ಮಿಬ್ಬರನ್ನೂ ಎಲ್ಲಿಗೆ ಕಳಿಸ್ತೀನಿ ಅಂತ ನಿಮ್ಮ ವಕೀಲರು ಹೇಳ್ತಾರೆ."

ವಕೀಲರು ಹೊರಗೆ ಬಂದು ಹೇಳಿದರು. ನನ್ನವಳು ಬಿರಬಿರನೆ ಮನೆಯ ಕಡೆ ನಡೆದಳು. ಬಾಬಿನ್ ದಾರಿಯುದ್ದಕ್ಕೂ, "ಅಜ್ಜಿ, ಎಲ್ಲಾರೂ ಯಾಕೆ ನಕ್ಕಿದ್ದು? ನಾನು ಸರಿಯಾಗಿ ಹೇಳ್ದೆ ತಾನೆ?" ಎಂದು ಸೆರಗು ಜಗ್ಗುತ್ತಲೇ ಇದ್ದಳು. ಮನೆಯ ಬಾಗಿಲಲ್ಲಿ ಅಜ್ಜಿಗೆ ತಾಳ್ಮೆ ತಪ್ಪಿತು. "ಇನ್ನೊಂದು ಸಲ ಜ್ವರ ಅಂದ್ರೆ ನನ್ನನ್ನೂ ನಿಮ್ಮ ತಾತನನ್ನೂ ಜೈಲಿಗೆ ಹಾಕ್ತಾರಂತೆ. ಸಾಕಾ?"

ಬಾಬಿನ್ ಸೆರಗು ಬಿಟ್ಟಳು. ಆಮೇಲೆ ಒಂದು ಪ್ರಶ್ನೆಯನ್ನೂ ಕೇಳಲಿಲ್ಲ. ನನಗೆ ಅದು ಆಗಲೇ ವಿಚಿತ್ರ ಎನಿಸಬೇಕಿತ್ತು.

ಶನಿವಾರ ಬಂತು. ನಾನೇ ಹೊಲಿದ ಹಳದಿ ಫ್ರಾಕಿಗೆ ಇಸ್ತ್ರಿ ಹಾಕಿದೆ. ಒಳಗೆ ಅಜ್ಜಿ ತಲೆ ಬಾಚಿದಳು. ಮಗು ಹಾಲು ಮುಟ್ಟಲಿಲ್ಲ, ಬ್ರೆಡ್ಡು ಮುಟ್ಟಲಿಲ್ಲ. ಹೋಗಲು ಮನಸ್ಸಿಲ್ಲ ಪಾಪ, ಎಂದುಕೊಂಡು ನಾನು ಒಳಗೊಳಗೇ ಸ್ವಲ್ಪ ಹಿಗ್ಗಿದೆ ಕೂಡ. ಮನುಷ್ಯನ ಬುದ್ಧಿ ನೋಡಿ.

ಮಗು ಫ್ರಾಕು ಹಾಕಿಕೊಂಡು ಅಂಗಡಿಗೆ ಬಂದಳು. ಸುತ್ತಲಿಲ್ಲ, ಕುಣಿಯಲಿಲ್ಲ. ನೆಟ್ಟಗೆ ಮಿಷನ್ ಹತ್ತಿರ ಹೋಗಿ ಅದರ ಕಬ್ಬಿಣದ ಮೈಗೆ ಕೆನ್ನೆ ಒತ್ತಿ ನಿಂತಳು. ಸ್ವಲ್ಪ ಹೊತ್ತಿಗೆ ಇನ್ನೊಂದು ಕೆನ್ನೆ. ಆಮೇಲೆ ಹಣೆ. ಆಮೇಲೆ ಮೇಜಿನ ಮೇಲಿದ್ದ ನನ್ನ ದೊಡ್ಡ ಕತ್ತರಿಯನ್ನು ಎರಡೂ ಕೈಯಲ್ಲಿ ಹಿಡಿದು ಕತ್ತಿಗೆ ಇಟ್ಟುಕೊಳ್ಳಲು ಹೋದಳು. ನಾನು ಹೌಹಾರಿ ಕಿತ್ತುಕೊಂಡೆ.

"ಏನೇ ಇದು ಆಟ?"

"ತಣ್ಣಗಿದೆ ತಾತ."

ಅವಳ ಬೆರಳು ನನ್ನ ಕೈಗೆ ತಗುಲಿತು. ಹಣೆ ಮುಟ್ಟಿ ನೋಡಿದೆ. ಕೆಂಡ. ಬದುಕಿರುವವರ ಮೈಯ ಬೆಚ್ಚಗಲ್ಲ, ನಿಜವಾದ ಜ್ವರ.

ಪರದೆ ಸರಿಸಿ ಒಳಗೆ ಹೋದೆ. ನನ್ನವಳು ಬಾಚಣಿಗೆ ಹಿಡಿದುಕೊಂಡೇ ಗೋಡೆಗೆ ಒರಗಿ ನಿಂತಿದ್ದಳು. ನಾನು ಬಾಯಿ ತೆರೆಯುವ ಮೊದಲೇ, "ಗೊತ್ತು" ಎಂದಳು. "ಬಾಚುವಾಗಲೇ ಗೊತ್ತಾಯ್ತು. ಸುಮ್ನಿರಿ. ಇವತ್ತು ನಮ್ಮ ಬಾಯಲ್ಲಿ ಜ್ವರ ಅಂತ ಬಂದ್ರೆ ಯಾರು ನಂಬ್ತಾರೆ? ಕರ್ಕೊಂಡು ಹೋಗ್ಲಿ. ದಾರೀಲಿ ಅವಳಿಗೇ ಗೊತ್ತಾಗುತ್ತೆ."

"ಗಾಳಿಯಲ್ಲಿ, ಸ್ಕೂಟರ್ ಮೇಲೆ?"

ಅವಳು ಬಾಚಣಿಗೆಯಲ್ಲಿ ಸಿಕ್ಕಿದ್ದ ಕೂದಲನ್ನು ಒಂದೊಂದಾಗಿ ಬಿಡಿಸುತ್ತಾ, "ಕಳಿಸಿ ಅಂತ ತಾನೆ ಕೋರ್ಟು ಹೇಳಿದ್ದು. ಕಳಿಸೋಣ" ಎಂದಳು. ಹೀಗೂ ಆದೇಶ ಪಾಲಿಸಬಹುದು ಎಂದು ನನಗೆ ಗೊತ್ತಿರಲಿಲ್ಲ. ಕೋಪ ಬಂತು. ಆದರೆ ಒಳಗೆ ಒಂದು ಮೂಲೆಯಲ್ಲಿ ನಾನೂ ಅದನ್ನೇ ಲೆಕ್ಕ ಹಾಕಿದ್ದೆ. ಹೆಂಡತಿಗೆ ಅದನ್ನು ಬಾಯಿಬಿಟ್ಟು ಹೇಳುವ ಧೈರ್ಯವಾದರೂ ಇತ್ತು.

ಹೊರಗೆ ಬಂದಾಗ ಸೊಸೆ ಬಾಗಿಲಲ್ಲಿ ನಿಂತಿದ್ದಳು. ಈ ಸಲ ಬೆಂಚಿನ ಮೇಲೆ ಕುಳಿತಿರಲಿಲ್ಲ. ಹೊರಗೆ ಅವಳ ಹೊಸ ಗಂಡ ಸ್ಕೂಟರ್ ಆರಿಸದೆ ಕಾಯುತ್ತಿದ್ದ. ನನ್ನ ಕೈ ತನಗೆ ತಾನೇ ಸೂಜಿದಿಂಬಿನ ಕಡೆ ಹೋಯಿತು. ಸೂಜಿಗಳನ್ನು ಕಿತ್ತೂ ಆಗಿತ್ತು.

ಸೊಸೆ ಬಾಯಿ ತೆರೆಯುವ ಮೊದಲೇ ಬಾಬಿನ್ ಮಿಷನ್ ಪಕ್ಕದಿಂದ ಎರಡು ಹೆಜ್ಜೆ ಮುಂದೆ ಬಂದು, ಶಾಲೆಯಲ್ಲಿ ಪದ್ಯ ಒಪ್ಪಿಸುವ ಹಾಗೆ ಕೈ ಇಳಿಬಿಟ್ಟು ಹೇಳಿದಳು: "ಅಮ್ಮ, ನಂಗೆ ಜ್ವರ ಇಲ್ಲ."

ಯಾರೂ ಕೇಳಿರಲಿಲ್ಲ. ಅವಳ ಕಣ್ಣು ಹೊಳೆಯುತ್ತಿತ್ತು, ತುಟಿ ಒಣಗಿತ್ತು, ನಿಂತಲ್ಲೇ ಸಣ್ಣಗೆ ತೂಗುತ್ತಿದ್ದಳು.

ಸೂಜಿಗಳನ್ನು ದಿಂಬಿಗೆ ಚುಚ್ಚಿದೆ. ಒಂದು ಹೆಬ್ಬೆರಳಿಗೆ ಚುಚ್ಚಿತು. "ಅವಳಿಗೆ ಜ್ವರ ಇದೆಯಮ್ಮ" ಎಂದೆ.

ಸೊಸೆಯ ಮುಖದಲ್ಲಿ ಸಿಟ್ಟು ಬರಲಿಲ್ಲ. ಸಿಟ್ಟು ಬಂದಿದ್ದರೆ ತಡೆದುಕೊಳ್ಳುತ್ತಿದ್ದೆ. ಬಹಳ ದಣಿದವಳ ಹಾಗೆ, "ಮಾವ, ಇವತ್ತೂನಾ?" ಎಂದಳು.

"ಇವತ್ತು ನಿಜ. ಹಿಂದಿನದೆಲ್ಲ ಸುಳ್ಳು. ಮುಟ್ಟಿ ನೋಡು."

"ತಾತ ಸುಳ್ಳು ಹೇಳ್ತಿದ್ದಾರೆ" ಬಾಬಿನ್ ಅಳಲು ಶುರುಮಾಡಿದಳು. "ನಂಗೆ ಏನೂ ಆಗಿಲ್ಲ ಅಮ್ಮ. ಮುಟ್ಬೇಡ. ತಾತ ಸುಳ್ಳು ಹೇಳ್ತಿದ್ದಾರೆ. ಅಜ್ಜಿ ತಾತನ್ನ ಜೈಲಿಗೆ ಹಾಕ್ಬೇಡಿ ಅಂತ ಹೇಳು."

ಸೊಸೆ ಮಂಡಿಯೂರಿ ಅವಳನ್ನು ಎಳೆದುಕೊಂಡು ಕತ್ತಿನ ಹಿಂದೆ ಕೈ ಇಟ್ಟಳು. ಅಲ್ಲಿಂದಲೇ ತಲೆಯೆತ್ತಿ ನನ್ನನ್ನು ನೋಡಿದಳು. ಆ ನೋಟದ ಬಗ್ಗೆ ಏನೂ ಹೇಳಲಾರೆ. ಮಗು ಸಿಕ್ಕಿಬಿದ್ದೆನೆಂದು ತಿಳಿದು ತಾಯಿಯ ಹೆಗಲ ಮೇಲಿಂದ ನನ್ನ ಕಡೆ ಮುಖ ಮಾಡಿ ಬಿಕ್ಕಿದಳು. "ತಪ್ಪಾಯ್ತು ತಾತ. ಜ್ವರ ಬಂದ್ಬಿಡ್ತು."

'ರೆ' ಇಲ್ಲದ ಕ್ಷಮೆ ಹೇಗಿರುತ್ತದೆ ಎಂದು ಆರು ವರ್ಷದ ಕೂಸು ನನಗೆ ತೋರಿಸಿಕೊಟ್ಟಿತು. ಅದೂ ತಾನು ಮಾಡದ ತಪ್ಪಿಗೆ.

ಪರದೆ ಸರಿಯಿತು. ನನ್ನವಳು ಶಾಲು ತಂದು ಸೊಸೆಯ ಕೈಗೆ ಕೊಟ್ಟಳು, ಮುಖ ಮಾತ್ರ ಮೇಲೆತ್ತಲಿಲ್ಲ. "ಗಾಳಿ ತಾಗದ ಹಾಗೆ..." ಎಂದು ಏನೋ ಹೇಳಹೊರಟವಳು ಅರ್ಧಕ್ಕೇ ನಿಲ್ಲಿಸಿದಳು. ಸೊಸೆ ಮಗುವಿಗೆ ಶಾಲು ಸುತ್ತಿ ಎತ್ತಿಕೊಂಡಳು. ಗಂಡನಿಗೆ ಸ್ಕೂಟರ್ ಬೇಡ, ಟ್ಯಾಕ್ಸಿ ಕರೆಯಿರಿ ಎಂದಳು. ಡಾಕ್ಟರ ಹತ್ತಿರ ಹೋಗಿ ಮನೆಗೆ ಹೋಗುತ್ತೇನೆ ಎಂದು ನಮಗೆ ಹೇಳಿದಳು. ಹೇಳಬೇಕಾದ ಅಗತ್ಯ ಅವಳಿಗೇನೂ ಇರಲಿಲ್ಲ.

ಅವತ್ತು ಒಂದು ಗುಂಡಿಯನ್ನೂ ಹೊಲಿಯಲಾಗಲಿಲ್ಲ. ಅಡುಗೆಮನೆಯಿಂದ ಒಂದು ಪಾತ್ರೆಯ ಸದ್ದೂ ಬರಲಿಲ್ಲ. ಸಂಜೆಯಾಗುತ್ತಿದ್ದಂತೆ ನನ್ನವಳು ಪರದೆ ದಾಟಿ ಬಂದು ಗಿರಾಕಿಗಳ ಬೆಂಚಿನ ಮೇಲೆ, ಸೊಸೆ ಕೂರುತ್ತಿದ್ದ ತುದಿಯಲ್ಲೇ, ಬೀದಿ ನೋಡುತ್ತಾ ಕುಳಿತಳು. ಆಗ ಫೋನು ಬಂತು. ಸ್ಪೀಕರ್ ಹಾಕಿದೆ.

"ಮಾವ" ಸೊಸೆಯ ದನಿ. "ಮಗುಗೆ ಜ್ವರ. ಮಲಗಿದೆ. ಇವತ್ತು ಕರ್ಕೊಂಡು ಬರೋಕಾಗಲ್ಲ."

ಜ್ವರ, ಮಲಗಿದೆ: ಪರದೆಯ ಸಂದಿಯಿಂದ ನನ್ನವಳು ಹೇಳಿದ ಅದೇ ಮಾತು. ಒಂದಕ್ಷರ ಹೆಚ್ಚಿಲ್ಲ, ಕಮ್ಮಿಯಿಲ್ಲ. ನನ್ನವಳು ಚೇಳು ಕುಟುಕಿದ ಹಾಗೆ ಎದ್ದಳು. "ಸಂಜೆಗೆ ಬಿಡಬೇಕು ಅಂತ ಕೋರ್ಟೇ..." ಎಂದವಳು ತಾನೇ ತನ್ನ ಬಾಯಿ ಮುಚ್ಚಿಕೊಂಡು ಮತ್ತೆ ಕುಳಿತಳು.

ಫೋನಿನ ಆಚೆ ಅದು ಕೇಳಿಸಿತೋ ಇಲ್ಲವೋ. ಸೊಸೆ, "ಬಂದು ನೋಡ್ತೀರಾ ಮಾವ?" ಎಂದಳು.

ಅಷ್ಟೆಲ್ಲ ಶನಿವಾರಗಳಲ್ಲಿ ನಾವು ಅವಳಿಗೆ ಒಮ್ಮೆಯೂ ಹೇಳದ ಮಾತು ಅದು. ಪರದೆಯ ಆಚೆಗೆ ಹತ್ತು ಹೆಜ್ಜೆಯೂ ಇರಲಿಲ್ಲ.

"ತಪ್ಪು ಮಾಡಿದೆ ಕಣಮ್ಮ" ಎಂದೆ. "ನಾನು ಮಾಡಿದೆ. ಬೇಕಂತಲೇ ಮಾಡಿದೆ."

ಅವಳು ಪರವಾಗಿಲ್ಲ ಎನ್ನಲಿಲ್ಲ. ಪರವಾಗಿಲ್ಲ ಎನ್ನುವಂಥದ್ದೂ ಅಲ್ಲ ಅದು. "ಬರೋದಾದ್ರೆ ಬನ್ನಿ" ಎಂದಳು. "ಎದ್ದಾಗಲೆಲ್ಲ ಅಜ್ಜಿ ತಾತನ್ನ ಹಿಡ್ಕೊಂಡು ಹೋದ್ರಾ ಅಂತ ಕೇಳ್ತಿದ್ದಾಳೆ. ನೀವಿಲ್ಲಿ ಕಾಣಿಸಿದ್ರೆ ನಿದ್ದೆ ಮಾಡ್ತಾಳೆ."

ಫೋನು ಇಟ್ಟು ಅಂಗಿ ಹಾಕಿಕೊಂಡೆ. ನನ್ನವಳು ಬೆಂಚಿನಿಂದ ಅಲ್ಲಾಡಲಿಲ್ಲ. ಕಣ್ಣಲ್ಲಿ ನೀರು ಧಾರೆಯಾಗಿ ಇಳಿಯುತ್ತಿತ್ತು, ಒರೆಸಿಕೊಳ್ಳುತ್ತಲೂ ಇರಲಿಲ್ಲ.

"ಯಾವ ಮುಖ ಹೊತ್ಕೊಂಡು ಅವಳ ಬಾಗಿಲಿಗೆ ಹೋಗ್ಲಿ?" ಎಂದಳು.

"ಇರೋದು ಒಂದೇ ಮುಖ. ಅದನ್ನೇ ಹೊತ್ಕೊಂಡು ಬಾ" ಎಂದು ಹೇಳಿ ಅಂಗಡಿಯ ದೀಪ ಆರಿಸಿದೆ.